ಸುಮ್ನೆ ಒಂದು ಸೈನ್: ಜಾಮೀನುದಾರರ ಕಾನೂನು ಹೊಣೆ

(ಸಹಕಾರ ಸಪ್ತಾಹದ ಅಂಗವಾಗಿ ಶಿಕ್ಷಕರು ಮತ್ತು ಸರ್ಕಾರಿ ನೌಕರರ ಸಭೆಯೊಂದರಲ್ಲಿ ಆಡಿದ ಮಾತುಗಳ ಬರಹ ರೂಪ)

ಎಲ್ಲರಿಗೂ ನಮಸ್ಕಾರ.

ಮಾತು ಶುರು ಮಾಡುವ ಮೊದಲು ಒಂದು ಪ್ರಶ್ನೆ ಕೇಳುತ್ತೇನೆ. ಬೇರೆಯವರ ಸಾಲಕ್ಕೆ ಜಾಮೀನು ಹಾಕಿದವರು ಇಲ್ಲಿ ಎಷ್ಟು ಜನ ಇದ್ದೀರಿ? ಕೈ ಎತ್ತಿ. (ಮುಕ್ಕಾಲು ಪಾಲು ಸಭೆ ಕೈ ಎತ್ತಿತು.) ಸರಿ. ಆ ಸಾಲ ಇವತ್ತಿಗೆ ಎಷ್ಟು ಬಾಕಿ ಇದೆ ಅಂತ ಗೊತ್ತಿರುವವರು ಮಾತ್ರ ಕೈ ಹಾಗೇ ಇಟ್ಟುಕೊಳ್ಳಿ. (ನಾಲ್ಕೈದು ಕೈಗಳು ಉಳಿದವು.)

ನಾನು ಇವತ್ತು ಬಂದದ್ದು ಇದನ್ನೇ ಮಾತಾಡುವುದಕ್ಕೆ.

ನಮ್ಮ ತಂದೆ ಪ್ರಾಥಮಿಕ ಶಾಲೆಯ ಮೇಷ್ಟ್ರಾಗಿದ್ದರು. 1985ರ ಸುಮಾರಿಗೆ ಅವರ ಜೊತೆ ಕೆಲಸ ಮಾಡುತ್ತಿದ್ದವರೊಬ್ಬರು ಒಂದು ಸೊಸೈಟಿಯಲ್ಲಿ 8,000 ರೂಪಾಯಿ ಸಾಲ ತೆಗೆದರು. ಮಗಳ ಮದುವೆಗೆ. "ಮೇಷ್ಟ್ರೇ, ಸುಮ್ನೆ ಒಂದು ಸೈನ್ ಹಾಕಿ, ಫಾರ್ಮಾಲಿಟಿ ಅಷ್ಟೆ" ಅಂದರು. ಅಪ್ಪ ಹಾಕಿದರು. ಒಂದು ವರ್ಷ ಕಂತು ಸರಿಯಾಗಿ ಹೋಯಿತು. ಆಮೇಲೆ ಅವರಿಗೆ ವರ್ಗ ಆಯಿತು, ಕಂತು ನಿಂತಿತು. ಒಂದು ತಿಂಗಳು ಅಪ್ಪನ ಸಂಬಳದಲ್ಲಿ 240 ರೂಪಾಯಿ ಕಡಿಮೆ ಬಂತು. ಯಾಕೆ ಅಂತ ಕೇಳಲು ಆಫೀಸಿಗೆ ಹೋದರು. ಗುಮಾಸ್ತರು ಆ ಸೈನ್ ಇರುವ ಕಾಗದ ತೋರಿಸಿದರು.

"ನಾನು ಸಾಕ್ಷಿ ತಾನೇ ಹಾಕಿದ್ದು?" ಅಂತ ಅಪ್ಪ ಕೇಳಿದರಂತೆ.

ಸಾಕ್ಷಿ ಬೇರೆ, ಜಾಮೀನು ಬೇರೆ. ಸಾಕ್ಷಿ ಹಾಕಿದವರು "ಇವರು ನನ್ನ ಎದುರಿಗೆ ಸೈನ್ ಹಾಕಿದ್ದು ನಿಜ" ಅಂತ ಮಾತ್ರ ಹೇಳುತ್ತಾರೆ. ಜಾಮೀನು ಹಾಕಿದವರು "ಇವರು ಕೊಡದಿದ್ದರೆ ನಾನು ಕೊಡುತ್ತೇನೆ" ಅನ್ನುತ್ತಾರೆ. ಕಾಗದದ ಮೇಲೆ ಎರಡೂ ಒಂದೇ ಥರದ ಸೈನ್. ಹೊಣೆ ಮಾತ್ರ ಒಂದು ಸೊನ್ನೆ, ಇನ್ನೊಂದು ಪೂರ್ತಿ ಸಾಲ. ವಕೀಲಿಕೆ ಶುರು ಮಾಡಿ ಇಪ್ಪತ್ತೈದು ವರ್ಷಕ್ಕೂ ಜಾಸ್ತಿ ಆಯಿತು. ನನ್ನ ಮುಂದೆ ಬಂದು ಕೂತ ಜಾಮೀನುದಾರರಲ್ಲಿ ಅರ್ಧಕ್ಕಿಂತ ಹೆಚ್ಚು ಜನ ಅಪ್ಪ ಕೇಳಿದ ಪ್ರಶ್ನೆಯನ್ನೇ ಕೇಳಿದ್ದಾರೆ.

ಈ ವಿಷಯದ ಮೂಲ ಕಾನೂನು 1872ರ ಭಾರತೀಯ ಕರಾರು ಕಾಯಿದೆ. ಅದರಲ್ಲಿ 126ನೇ ಕಲಮಿನಿಂದ 147ರವರೆಗೆ ಜಾಮೀನಿನ ವಿಷಯವೇ ಇದೆ. ಎಲ್ಲವನ್ನೂ ಹೇಳುವುದಿಲ್ಲ. ಆದರೆ 128ನೇ ಕಲಮು ಎಲ್ಲರಿಗೂ ಗೊತ್ತಿರಬೇಕು. ಕರಾರಿನಲ್ಲಿ ಬೇರೆ ರೀತಿ ಬರೆದಿಲ್ಲದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ ಅನ್ನುತ್ತದೆ ಅದು. ಅಸಲು, ಬಡ್ಡಿ, ಸುಸ್ತಿ ಬಡ್ಡಿ, ಖರ್ಚು, ಎಲ್ಲ ಸೇರಿ.

"ಮೊದಲು ಅವರನ್ನು ಹಿಡೀರಿ, ಅವರ ಹತ್ರ ಸಿಗದಿದ್ರೆ ನನ್ನ ಹತ್ರ ಬನ್ನಿ" ಅಂತ ಬ್ಯಾಂಕಿನವರಿಗೆ ಹೇಳುವವರು ಬಹಳ. ನ್ಯಾಯ ಅಂದರೆ ಹಾಗೇ ಇರಬೇಕು ಅಂತ ನಮಗೆಲ್ಲ ಅನ್ನಿಸುತ್ತದೆ, ಅಲ್ವಾ? ಕಾನೂನು ಹಾಗಿಲ್ಲ. ಬ್ಯಾಂಕ್ ಆಫ್ ಬಿಹಾರ್‌ನ ಒಂದು ಪ್ರಕರಣದಲ್ಲಿ ಕೆಳಗಿನ ಕೋರ್ಟು ಹೀಗೇ ಹೇಳಿತ್ತು. ಸಾಲಗಾರನ ಮೇಲೆ ಎಲ್ಲ ಪ್ರಯತ್ನ ಮುಗಿದ ಮೇಲೆ ಜಾಮೀನುದಾರನ ಹತ್ತಿರ ಹೋಗಿ ಅಂತ. ಹೈಕೋರ್ಟೂ ಒಪ್ಪಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. 1969ರ ಕಾನೂನು ವರದಿಗಳಲ್ಲಿ ಬಂದ ಆ ತೀರ್ಪಿನ ತಿರುಳು ಇಷ್ಟು: ಕಾಯಿರಿ ಅಂತ ಸಾಲ ಕೊಟ್ಟವರಿಗೆ ಹೇಳಿದರೆ ಜಾಮೀನು ತೆಗೆದುಕೊಂಡ ಉದ್ದೇಶವೇ ಹಾಳಾಗುತ್ತದೆ. ಇವತ್ತಿಗೂ ಎಲ್ಲ ಕೋರ್ಟುಗಳು ಇದನ್ನೇ ಹಿಡಿದು ನಡೆಯುತ್ತವೆ. ಸಾಲಗಾರ ಊರಲ್ಲೇ ಇರಲಿ, ಕಾರಲ್ಲೇ ಓಡಾಡಲಿ, ಬ್ಯಾಂಕು ನೇರವಾಗಿ ನಿಮ್ಮ ಮನೆ ಬಾಗಿಲಿಗೆ ಬರಬಹುದು. ನಿಮ್ಮಂಥವರ ಬಾಗಿಲಿಗೇ ಮೊದಲು ಬರುತ್ತದೆ. ಯಾಕೆಂದರೆ ನಿಮ್ಮ ಸಂಬಳ ಪ್ರತಿ ತಿಂಗಳು ಒಂದೇ ಜಾಗಕ್ಕೆ ಬರುತ್ತದೆ. ಹುಡುಕುವ ಕೆಲಸವೇ ಇಲ್ಲ.

ಈಗ ಆ ಜಾಮೀನು ಪತ್ರವನ್ನೇ ನೋಡೋಣ. ನಾನು ಇವತ್ತು ಹೇಳುವುದರಲ್ಲಿ ಬಹಳ ಮುಖ್ಯವಾದದ್ದು ಇದು.

ಕರಾರು ಕಾಯಿದೆ ಜಾಮೀನುದಾರರಿಗೆ ಕೆಲವು ಒಳ್ಳೆಯ ರಕ್ಷಣೆ ಕೊಟ್ಟಿದೆ. ನಿಮ್ಮನ್ನು ಕೇಳದೆ ಬ್ಯಾಂಕು ಮತ್ತು ಸಾಲಗಾರ ಸೇರಿ ಸಾಲದ ಷರತ್ತು ಬದಲಾಯಿಸಿದರೆ, ಆಮೇಲಿನ ವ್ಯವಹಾರಕ್ಕೆ ನೀವು ಹೊಣೆ ಅಲ್ಲ. ಅದು 133ನೇ ಕಲಮು. ನಿಮ್ಮ ಒಪ್ಪಿಗೆ ಇಲ್ಲದೆ ಸಾಲಗಾರನ ಜೊತೆ ಕರಾರು ಮಾಡಿಕೊಂಡು ವಾಯಿದೆ ಮುಂದಕ್ಕೆ ಹಾಕಿದರೆ ನೀವು ಬಿಡುಗಡೆ. ಅದು 135. ಸಾಲಕ್ಕೆ ಅಡ ಇಟ್ಟ ವಸ್ತುವನ್ನು ಬ್ಯಾಂಕು ಕಳೆದುಕೊಂಡರೆ, ಅಥವಾ ನಿಮ್ಮನ್ನು ಕೇಳದೆ ಬಿಟ್ಟುಕೊಟ್ಟರೆ, ಆ ವಸ್ತುವಿನ ಬೆಲೆಯಷ್ಟು ನಿಮ್ಮ ಹೊಣೆ ಇಳಿಯುತ್ತದೆ. ಅದು 141. ಸ್ಟೇಟ್ ಬ್ಯಾಂಕ್ ಆಫ್ ಸೌರಾಷ್ಟ್ರದ ಪ್ರಕರಣವೊಂದರಲ್ಲಿ ಹೀಗೇ ಆಯಿತು. ಅಡ ಇಟ್ಟಿದ್ದ ಎಣ್ಣೆ ಡಬ್ಬಗಳು ಬ್ಯಾಂಕಿನ ಅಜಾಗರೂಕತೆಯಿಂದ ಕೈತಪ್ಪಿ ಹೋದವು. 1980ರಲ್ಲಿ ಸುಪ್ರೀಂ ಕೋರ್ಟ್ ಜಾಮೀನುದಾರನ ಪರವಾಗಿ ತೀರ್ಪು ಕೊಟ್ಟಿತು.

ಕೇಳಲು ಚೆನ್ನಾಗಿದೆ. ಆದರೆ ಬ್ಯಾಂಕಿನ ಅಚ್ಚಾದ ಜಾಮೀನು ಪತ್ರದಲ್ಲಿ ನಡುವೆ ಎಲ್ಲೋ ಒಂದು ಪ್ಯಾರಾ ಇರುತ್ತದೆ. 133, 134, 135, 139, 141ನೇ ಕಲಮುಗಳ ಹಕ್ಕನ್ನು ನಾನು ಬಿಟ್ಟುಕೊಟ್ಟಿದ್ದೇನೆ ಅಂತ. ಬರೀ ನಂಬರು. ಆ ನಂಬರುಗಳ ಹಿಂದೆ ಏನಿದೆ ಅಂತ ಯಾರೂ ಓದಿ ಹೇಳುವುದಿಲ್ಲ. ಕಾನೂನು ಕೊಟ್ಟ ಲಾಭವನ್ನು ಮನುಷ್ಯ ತಾನೇ ಬಿಟ್ಟುಕೊಡಬಹುದು ಅಂತ ಸುಪ್ರೀಂ ಕೋರ್ಟೂ ಒಪ್ಪಿದೆ. ಆದ್ದರಿಂದ ಆ ಪ್ಯಾರಾ ಕೆಳಗೆ ಸೈನ್ ಬಿದ್ದರೆ, ಕಾಯಿದೆ ಎಡಗೈಯಲ್ಲಿ ಕೊಟ್ಟದ್ದನ್ನು ನೀವು ಬಲಗೈಯಲ್ಲಿ ವಾಪಸ್ ಕೊಟ್ಟ ಹಾಗೆ. ನನಗೆ ಇದು ಸರಿ ಅನ್ನಿಸುವುದಿಲ್ಲ. ಕನ್ನಡ ಮಾತ್ರ ಓದಬಲ್ಲ ಒಬ್ಬ ಡ್ರೈವರ್, ಒಬ್ಬ ಅಂಗನವಾಡಿ ಟೀಚರ್, ಇಂಗ್ಲಿಷ್‌ನಲ್ಲಿ ಅಚ್ಚಾದ ಹತ್ತು ಹಾಳೆಗೆ ಸೈನ್ ಹಾಕಿ ನೂರೈವತ್ತು ವರ್ಷದ ಹಕ್ಕುಗಳನ್ನು ಬಿಟ್ಟುಕೊಡುವುದನ್ನು ಒಪ್ಪಿಗೆ ಅಂತ ಹೇಗೆ ಕರೆಯುವುದು? ಕನಿಷ್ಠ ಆ ಪ್ಯಾರಾವನ್ನಾದರೂ ಕನ್ನಡದಲ್ಲಿ ದಪ್ಪ ಅಕ್ಷರದಲ್ಲಿ ಹಾಕಬೇಕು. ಇಲ್ಲಿ ಸೊಸೈಟಿಯ ನಿರ್ದೇಶಕರು ಕೂತಿದ್ದೀರಿ. ನಿಮ್ಮ ಸೊಸೈಟಿಯಿಂದಲೇ ಇದನ್ನು ಶುರು ಮಾಡಿ ಅಂತ ಕೈಮುಗಿದು ಕೇಳುತ್ತೇನೆ.

ಸೈನ್ ಹಾಕುವ ಮುಂಚೆ ನೀವು ಮಾಡಬಹುದಾದ್ದು ಒಂದಿದೆ. 128ನೇ ಕಲಮಿನಲ್ಲಿ "ಕರಾರಿನಲ್ಲಿ ಬೇರೆ ರೀತಿ ಬರೆದಿಲ್ಲದಿದ್ದರೆ" ಅಂತ ಇದೆಯಲ್ಲ, ಆ ಮಾತು ನಿಮಗಾಗಿಯೇ ಇರುವುದು. "ನನ್ನ ಹೊಣೆ ಒಟ್ಟು ಎರಡು ಲಕ್ಷ ಮೀರಬಾರದು" ಅಂತ ಮಿತಿ ಬರೆಸಬಹುದು. ಅಂಕಿಯಲ್ಲೂ ಅಕ್ಷರದಲ್ಲೂ. ಕೆಲವು ಕಡೆ ಒಪ್ಪುತ್ತಾರೆ, ಕೆಲವು ಕಡೆ ಇಲ್ಲ. ಕೇಳಿದರೆ ಕಳೆದುಕೊಳ್ಳುವುದೇನಿಲ್ಲ. ಖಾಲಿ ಜಾಗ ಬಿಟ್ಟ ಕಾಗದಕ್ಕೆ ಮಾತ್ರ ಸೈನ್ ಬೇಡ. ಸೈನ್ ಆದ ಪತ್ರದ ಒಂದು ಜೆರಾಕ್ಸ್ ಕೇಳಿ ಪಡೆಯಿರಿ. ನನ್ನ ಹತ್ತಿರ ಬರುವ ಹತ್ತರಲ್ಲಿ ಒಂಬತ್ತು ಜನರ ಬಳಿ ತಾವು ಏನಕ್ಕೆ ಸೈನ್ ಹಾಕಿದ್ದೇವೆ ಅನ್ನುವ ಕಾಗದವೇ ಇರುವುದಿಲ್ಲ.

ಇನ್ನೊಂದು ಬಹಳ ಅಪಾಯದ್ದು, ಚೆಕ್. ಕೆಲವು ಫೈನಾನ್ಸ್‌ಗಳು, ಕೆಲವು ಸೊಸೈಟಿಗಳು ಜಾಮೀನುದಾರರಿಂದ ಸೈನ್ ಮಾಡಿದ ಖಾಲಿ ಚೆಕ್ ತೆಗೆದಿಟ್ಟುಕೊಳ್ಳುತ್ತವೆ. ಸಾಲ ಸುಸ್ತಿಯಾದಾಗ ಅದನ್ನು ಬ್ಯಾಂಕಿಗೆ ಹಾಕುತ್ತಾರೆ, ಅದು ಬೌನ್ಸ್ ಆಗುತ್ತದೆ. ಸಾಲ ನನ್ನದಲ್ಲ, ಹಾಗಾಗಿ ಚೆಕ್ ಕೇಸು ನನ್ನ ಮೇಲೆ ನಿಲ್ಲುವುದಿಲ್ಲ ಅಂದುಕೊಳ್ಳಬೇಡಿ. ಜಾಮೀನುದಾರ ಕೊಟ್ಟ ಚೆಕ್‌ಗೂ 138ನೇ ಕಲಮು ಅನ್ವಯಿಸುತ್ತದೆ ಅಂತ 2002ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಇದು ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆಯ 138. ಎರಡು ವರ್ಷದವರೆಗೆ ಜೈಲು, ಚೆಕ್ ಮೊತ್ತದ ಎರಡರಷ್ಟರವರೆಗೆ ದಂಡ. ಜಾಮೀನು ಅನ್ನುವುದು ಸಿವಿಲ್ ವಿಷಯ. ಒಂದು ಚೆಕ್ ಕೊಟ್ಟ ತಕ್ಷಣ ಅದು ಕ್ರಿಮಿನಲ್ ಕೋರ್ಟಿನ ಮೆಟ್ಟಿಲು ಹತ್ತುತ್ತದೆ. ಚೆಕ್ ಬೌನ್ಸ್ ನೋಟಿಸ್ ಕೈಗೆ ಬಂದರೆ ಹಣ ಕೊಡಲು ಹದಿನೈದು ದಿನ ಇರುತ್ತದೆ. ಆ ಹದಿನೈದು ದಿನದೊಳಗೆ ವಕೀಲರನ್ನು ನೋಡಿ.

ಹಣ ಹೇಗೆ ವಸೂಲಿ ಮಾಡುತ್ತಾರೆ ಅನ್ನುವುದು ಸಾಲ ಕೊಟ್ಟವರು ಯಾರು ಅನ್ನುವುದರ ಮೇಲೆ ನಿಂತಿದೆ. ಬ್ಯಾಂಕಿನ ಬಾಕಿ 20 ಲಕ್ಷ ಅಥವಾ ಅದಕ್ಕಿಂತ ಜಾಸ್ತಿ ಇದ್ದರೆ ಸಾಲ ವಸೂಲಾತಿ ನ್ಯಾಯಮಂಡಳಿ, ಕಡಿಮೆ ಇದ್ದರೆ ಸಿವಿಲ್ ಕೋರ್ಟು. ನೀವು ನಿಮ್ಮ ಮನೆಯನ್ನೋ ಸೈಟನ್ನೋ ಅಡಮಾನ ಮಾಡಿ ಜಾಮೀನು ನಿಂತಿದ್ದರೆ 2002ರ ಸರ್ಫೇಸಿ ಕಾಯಿದೆ, ಅಂದರೆ ಅಡಮಾನದ ಆಸ್ತಿಯಿಂದ ಬ್ಯಾಂಕು ಸಾಲ ವಸೂಲಿ ಮಾಡುವ ಕಾಯಿದೆ, ಬರುತ್ತದೆ. ಆ ಕಾಯಿದೆಯಲ್ಲಿ "ಸಾಲಗಾರ" ಅನ್ನುವ ಪದದೊಳಗೇ ಜಾಮೀನುದಾರನೂ ಸೇರಿದ್ದಾನೆ. 60 ದಿನದ ನೋಟಿಸ್ ಕೊಟ್ಟು, ಕೋರ್ಟಿಗೆ ಹೋಗದೆಯೇ ಆಸ್ತಿ ಸ್ವಾಧೀನ ಮಾಡಿಕೊಳ್ಳಬಹುದು. ಆ 60 ದಿನದಲ್ಲಿ ನೀವು ಲಿಖಿತ ಆಕ್ಷೇಪಣೆ ಕೊಟ್ಟರೆ ಬ್ಯಾಂಕು 15 ದಿನದೊಳಗೆ ಉತ್ತರ ಕೊಡಲೇಬೇಕು. ಸ್ವಾಧೀನಕ್ಕೆ ಬಂದ ಮೇಲೆ 45 ದಿನದೊಳಗೆ ನ್ಯಾಯಮಂಡಳಿಗೆ ಅರ್ಜಿ ಹಾಕಬಹುದು. ಕೃಷಿ ಜಮೀನಿಗೆ ಈ ಕಾಯಿದೆ ಇಲ್ಲ.

ನಿಮಗೆಲ್ಲ ಹತ್ತಿರದ್ದು ಸೊಸೈಟಿ. ಕರ್ನಾಟಕ ಸಹಕಾರ ಸಂಘಗಳ ಕಾಯಿದೆ 1959ರ 70ನೇ ಕಲಮಿನ ಕೆಳಗೆ ಸೊಸೈಟಿ ದಾವೆ ಹೂಡುತ್ತದೆ. ಅದಕ್ಕೂ ಮುಂಚೆ 34ನೇ ಕಲಮು ಇದೆ. ಸಾಲ ತೆಗೆಯುವಾಗ "ನನ್ನ ಸಂಬಳದಲ್ಲಿ ಹಿಡಿಯಬಹುದು" ಅಂತ ಒಪ್ಪಿಗೆ ಬರೆಸಿಕೊಂಡಿರುತ್ತಾರಲ್ಲ, ಅದು. ಸೊಸೈಟಿ ಪತ್ರ ಬರೆದರೆ ಸಾಕು, ಬಟವಾಡೆ ಅಧಿಕಾರಿ ಹಿಡಿಯುತ್ತಾರೆ. ಅಪ್ಪನಿಗೆ ಆದದ್ದು ಇದೇ.

ಕೋರ್ಟಿನ ಜಪ್ತಿಗೂ ಇದಕ್ಕೂ ದೊಡ್ಡ ವ್ಯತ್ಯಾಸ ಇದೆ. ಕೋರ್ಟು ಡಿಕ್ರಿ ಮಾಡಿ, ಅಂದರೆ ಇಷ್ಟು ಹಣ ಕೊಡಬೇಕು ಅಂತ ತೀರ್ಪು ಕೊಟ್ಟು, ಸಂಬಳ ಜಪ್ತಿ ಮಾಡಿದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಮು ನಿಮ್ಮನ್ನು ಕಾಯುತ್ತದೆ. ಮೊದಲ 1,000 ರೂಪಾಯಿ ಮುಟ್ಟುವ ಹಾಗಿಲ್ಲ. ಉಳಿದದ್ದರಲ್ಲಿ ಮೂರರಲ್ಲಿ ಎರಡು ಪಾಲು ಮುಟ್ಟುವ ಹಾಗಿಲ್ಲ. ಲೆಕ್ಕಕ್ಕೆ ಬರುವ ಸಂಬಳ 46,000 ಅಂತ ಇಟ್ಟುಕೊಳ್ಳಿ. ಸಾವಿರ ತೆಗೆದರೆ 45,000, ಅದರಲ್ಲಿ ಜಪ್ತಿಗೆ ಸಿಗುವುದು 15,000. ಒಟ್ಟು 24 ತಿಂಗಳು ಹಾಗೆ ಹಿಡಿದ ಮೇಲೆ ಅದೇ ಡಿಕ್ರಿಗೆ ಮತ್ತೆ ಸಂಬಳ ಹಿಡಿಯುವಂತಿಲ್ಲ. ಸರ್ಕಾರಿ ಪಿಂಚಣಿ, ಭವಿಷ್ಯ ನಿಧಿ ಜಪ್ತಿಗೆ ಸಿಗುವುದಿಲ್ಲ. ರೈತನ ನೇಗಿಲು, ಉಳುಮೆಯ ಎತ್ತು ಸಿಗುವುದಿಲ್ಲ. ಸೊಸೈಟಿಗೆ ನೀವೇ ಬರೆದುಕೊಟ್ಟ ಒಪ್ಪಿಗೆ ಮಾತ್ರ ಜಪ್ತಿ ಅಲ್ಲ. ಅದಕ್ಕೇ ಆ ಒಪ್ಪಿಗೆ ಪತ್ರದಲ್ಲಿ ತಿಂಗಳಿಗೆ ಎಷ್ಟು ಅಂತ ಬರೆದಿದ್ದಾರೆ ಅನ್ನುವುದನ್ನು ಸೈನ್‌ಗೆ ಮೊದಲು ನೋಡಿಕೊಳ್ಳಿ.

ಜೈಲಿಗೆ ಹಾಕುತ್ತಾರಾ ಅಂತ ಹೆದರಿ ರಾತ್ರಿ ನಿದ್ದೆ ಬಿಟ್ಟವರನ್ನು ನೋಡಿದ್ದೇನೆ. ಕೈಯಲ್ಲಿ ಇಲ್ಲದ ಕಾರಣಕ್ಕೆ ಕೊಡಲಾಗದವರನ್ನು ಸಿವಿಲ್ ಡಿಕ್ರಿಯ ಮೇಲೆ ಬಂಧಿಸುವಂತಿಲ್ಲ. 1980ರಲ್ಲಿ ಬ್ಯಾಂಕ್ ಆಫ್ ಕೊಚ್ಚಿನ್ ಪ್ರಕರಣದಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಇದನ್ನು ಬಹಳ ಸ್ಪಷ್ಟವಾಗಿ ಬರೆದಿದ್ದಾರೆ. ಬಡತನ ಅಪರಾಧ ಅಲ್ಲ. ಹಣ ಇಟ್ಟುಕೊಂಡೂ ಬೇಕಂತಲೇ ಕೊಡದವರ ವಿಷಯ ಬೇರೆ. ಹಣದ ಡಿಕ್ರಿಗೆ ಹೆಂಗಸರನ್ನು ಬಂಧಿಸುವಂತೆಯೇ ಇಲ್ಲ. ವಸೂಲಿಗೆ ಬರುವ ಏಜೆಂಟರು ಬೆಳಗ್ಗೆ ಎಂಟಕ್ಕೆ ಮುಂಚೆ, ಸಂಜೆ ಏಳರ ನಂತರ ಫೋನ್ ಮಾಡುವಂತಿಲ್ಲ ಅಂತ ರಿಸರ್ವ್ ಬ್ಯಾಂಕು 2022ರಲ್ಲಿ ಹೇಳಿದೆ. ಆ ರಕ್ಷಣೆ ಸಾಲಗಾರರಿಗಷ್ಟೇ ಅಲ್ಲ, ಜಾಮೀನುದಾರರಿಗೂ ಇದೆ.

ಸಿಬಿಲ್, ಅಂದರೆ ಯಾರು ಸಾಲ ಹೇಗೆ ಕಟ್ಟುತ್ತಾರೆ ಅಂತ ದಾಖಲೆ ಇಡುವ ಸಂಸ್ಥೆ, ಅದರ ಬಗ್ಗೆ ಒಂದೇ ಮಾತು. ನೀವು ಜಾಮೀನು ನಿಂತ ಸಾಲ ನಿಮ್ಮ ರಿಪೋರ್ಟಿನಲ್ಲೂ ಕಾಣುತ್ತದೆ. ಅವರು ಕಂತು ಬಿಟ್ಟರೆ ನಿಮ್ಮ ಸ್ಕೋರ್ ಇಳಿಯುತ್ತದೆ. ಸಿಬಿಲ್‌ನಂಥ ಪ್ರತಿಯೊಂದು ಸಂಸ್ಥೆಯೂ ವರ್ಷಕ್ಕೊಮ್ಮೆ ಪೂರ್ತಿ ರಿಪೋರ್ಟನ್ನು ಪುಕ್ಕಟೆ ಕೊಡಬೇಕು. ತೆಗೆದು ನೋಡಿ. ಆ ಸಾಲ ಯಾವ ಸ್ಥಿತಿಯಲ್ಲಿದೆ ಅಂತ ತಿಳಿಯಲು ಇದಕ್ಕಿಂತ ಸುಲಭ ದಾರಿ ಇಲ್ಲ.

ಅಂಗಡಿ ಇಟ್ಟವರ ಓಡಿ (ಓವರ್‌ಡ್ರಾಫ್ಟ್) ಖಾತೆಗೆ ಜಾಮೀನು ನಿಂತವರು ಇಲ್ಲಿ ಯಾರಾದರೂ ಇದ್ದರೆ ಗಮನ ಕೊಡಿ. ಅಂಥದ್ದನ್ನು ಮುಂದುವರಿಯುವ ಜಾಮೀನು ಅನ್ನುತ್ತಾರೆ. ಅವರು ಇವತ್ತು ಕಟ್ಟಿ ನಾಳೆ ಮತ್ತೆ ತೆಗೆಯುತ್ತಾರೆ. ಪ್ರತಿ ಸಲ ನಿಮ್ಮ ಹೊಣೆ ಹೊಸದಾಗಿ ಹುಟ್ಟುತ್ತದೆ. ಕರಾರು ಕಾಯಿದೆಯ 130ನೇ ಕಲಮಿನ ಪ್ರಕಾರ ಬ್ಯಾಂಕಿಗೆ ನೋಟಿಸ್ ಕೊಟ್ಟು ಮುಂದಿನ ವ್ಯವಹಾರಕ್ಕೆ ನಿಮ್ಮ ಜಾಮೀನು ವಾಪಸ್ ಪಡೆಯಬಹುದು. ಹಳೆಯ ಬಾಕಿಯ ಹೊಣೆ ಉಳಿಯುತ್ತದೆ, ಹೊಸದು ಸೇರುವುದಿಲ್ಲ. ಒಮ್ಮೆಗೇ ಕೊಟ್ಟು ಮುಗಿದ ಸಾಲಕ್ಕೆ ಈ ದಾರಿ ಇಲ್ಲ.

ಕಾಲಮಿತಿಯ ಬಗ್ಗೆಯೂ ಒಂದು ತಪ್ಪು ತಿಳಿವಳಿಕೆ ಇದೆ. "ಸಾಲ ತೆಗೆದು ಮೂರು ವರ್ಷ ಆಯಿತು, ಇನ್ನು ಏನೂ ಮಾಡೋಕಾಗಲ್ಲ" ಅಂತ. ಸಿಂಡಿಕೇಟ್ ಬ್ಯಾಂಕಿನ ಒಂದು ಪ್ರಕರಣದಲ್ಲಿ 2006ರಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ಉತ್ತರ ಕೊಟ್ಟಿದೆ. ಜಾಮೀನು ಪತ್ರದಲ್ಲಿ "ಕೇಳಿದಾಗ ಕೊಡುತ್ತೇನೆ" ಅಂತ ಇದ್ದರೆ, ಚಾಲ್ತಿಯಲ್ಲಿರುವ ಖಾತೆಯ ಮಟ್ಟಿಗೆ ಮೂರು ವರ್ಷದ ಲೆಕ್ಕ ಶುರುವಾಗುವುದು ಬ್ಯಾಂಕು ನಿಮ್ಮನ್ನು ಕೇಳಿ ನೀವು ಕೊಡದಿದ್ದಾಗ. ಬಹಳಷ್ಟು ಪತ್ರಗಳಲ್ಲಿ ಆ ಮಾತು ಇದ್ದೇ ಇರುತ್ತದೆ.

ಈಗ ಅಪ್ಪನ ವಿಷಯಕ್ಕೆ ವಾಪಸ್ ಬರುತ್ತೇನೆ. ಅವರ ಸಂಬಳದಿಂದ 1989ರವರೆಗೆ ಹಿಡಿದರು. ಅಮ್ಮ ಆ ವರ್ಷಗಳಲ್ಲಿ ಹಾಲು ಅರ್ಧ ಲೀಟರ್ ಕಡಿಮೆ ಮಾಡಿದ್ದು ನನಗೆ ನೆನಪಿದೆ. ಅಪ್ಪ ಆ ಗೆಳೆಯರಿಗೆ ಎರಡು ಕಾಗದ ಬರೆದರು, ಉತ್ತರ ಬರಲಿಲ್ಲ, ಸುಮ್ಮನಾದರು. 1993ರಲ್ಲಿ ನಾನು ಕಾನೂನು ಕಾಲೇಜು ಸೇರಿದೆ. ಕರಾರು ಕಾಯಿದೆಯ ಪಾಠದಲ್ಲಿ 140 ಮತ್ತು 145ನೇ ಕಲಮು ಬಂತು. ಜಾಮೀನುದಾರ ಸಾಲ ತೀರಿಸಿದರೆ, ಸಾಲ ಕೊಟ್ಟವನಿಗೆ ಇದ್ದ ಎಲ್ಲ ಹಕ್ಕು ಅವನಿಗೆ ಬರುತ್ತದೆ. ಅಡ ಇಟ್ಟ ವಸ್ತುವಿನ ಮೇಲಿನ ಹಕ್ಕು ಕೂಡ. ನ್ಯಾಯವಾಗಿ ಕಟ್ಟಿದ ಹಣವನ್ನೆಲ್ಲ ಸಾಲಗಾರ ಅವನಿಗೆ ವಾಪಸ್ ಕೊಡಬೇಕು. ಇಬ್ಬರು ಜಾಮೀನುದಾರರಿದ್ದು ಒಬ್ಬನೇ ಪೂರ್ತಿ ಕಟ್ಟಿದರೆ ಇನ್ನೊಬ್ಬ ಅರ್ಧ ಕೊಡಬೇಕು. ಅದು 146. ಅಪ್ಪನ ಜೊತೆ ಇನ್ನೊಬ್ಬರೂ ಸೈನ್ ಹಾಕಿದ್ದರು. ಅವರ ಸಂಬಳದಿಂದ ಒಂದು ರೂಪಾಯಿಯೂ ಹೋಗಿರಲಿಲ್ಲ.

ನಾನು ಓಡೋಡಿ ಮನೆಗೆ ಬಂದು ಹೇಳಿದೆ. ಅಪ್ಪ ಎಲ್ಲ ಸಂಬಳದ ಚೀಟಿಗಳನ್ನು ಒಂದು ದಾರದಲ್ಲಿ ಪೋಣಿಸಿ ಇಟ್ಟಿದ್ದರು. ಒಂದೂ ಕಳೆದಿರಲಿಲ್ಲ. ಆದರೆ ಇಂಥ ದಾವೆಗೆ ಮೂರು ವರ್ಷದ ಕಾಲಮಿತಿ. ಹಣ ಕಟ್ಟಿದ ದಿನದಿಂದ ಲೆಕ್ಕ. ಕೊನೆಯ ಕಂತು ಹಿಡಿದದ್ದು 1989ರಲ್ಲಿ. ಒಂದು ವರ್ಷದ ಹಿಂದೆಯೇ ಬಾಗಿಲು ಮುಚ್ಚಿತ್ತು. ಅಪ್ಪ ಚೀಟಿಗಳನ್ನು ಮತ್ತೆ ಅದೇ ಮೊಳೆಗೆ ನೇತುಹಾಕಿದರು.

ಅದಕ್ಕೇ ನಿಮಗೆ ಹೇಳುತ್ತಿದ್ದೇನೆ. ಹಣ ಹೋಗಲು ಶುರುವಾದ ಮೊದಲ ತಿಂಗಳೇ ಸಾಲಗಾರನಿಗೂ ಜೊತೆ ಜಾಮೀನುದಾರರಿಗೂ ರಿಜಿಸ್ಟರ್ಡ್ ಅಂಚೆಯಲ್ಲಿ ನೋಟಿಸ್ ಕಳಿಸಿ. ಹಿಡಿದ ಪ್ರತಿ ರೂಪಾಯಿಗೂ ಸೊಸೈಟಿಯಿಂದ ರಸೀದಿ ಅಥವಾ ಪ್ರಮಾಣಪತ್ರ ತೆಗೆದುಕೊಳ್ಳಿ. ಸೊಸೈಟಿ ಸಾಲ ಆದರೆ ನೀವು ಸಿವಿಲ್ ಕೋರ್ಟಿಗೆ ಹೋಗಬೇಕಾಗಿಲ್ಲ. ಜಾಮೀನುದಾರನಿಂದ ಸೊಸೈಟಿ ವಸೂಲಿ ಮಾಡಿದ ಹಣಕ್ಕೆ ಅವನು ಸಾಲಗಾರನ ಮೇಲೆ ಹೂಡುವ ದಾವೆಯನ್ನೂ ಅದೇ 70ನೇ ಕಲಮು ಸಹಕಾರ ಇಲಾಖೆಯ ಮುಂದೆ ತರಲು ಬಿಡುತ್ತದೆ. ಸೊಸೈಟಿ ನಿಮ್ಮ ಮೇಲೆ ಬಳಸಿದ ಕಲಮನ್ನೇ ನೀವು ಅವರ ಮೇಲೆ ಬಳಸಬಹುದು. "ಸ್ನೇಹಿತ, ಹೇಗೆ ನೋಟಿಸ್ ಕಳಿಸೋದು" ಅಂತ ಮುಜುಗರ ಪಡುತ್ತೀರಿ. ಅವರು ಕಂತು ನಿಲ್ಲಿಸುವಾಗ ಆ ಮುಜುಗರ ಪಡಲಿಲ್ಲ.

ಬ್ಯಾಂಕಿನವರು ಸಾಲಗಾರನ ಜೊತೆ ಒನ್ ಟೈಮ್ ಸೆಟ್ಲ್‌ಮೆಂಟ್, ಅಂದರೆ ಒಂದೇ ಸಲಕ್ಕೆ ಇಷ್ಟು ಕಟ್ಟಿ ಸಾಲ ಮುಗಿಸುವ ರಾಜಿ, ಮಾತಾಡುತ್ತಿದ್ದರೆ ನೀವೂ ಹೋಗಿ ಕೂತುಕೊಳ್ಳಿ. ಜಾಮೀನುದಾರರೂ ಬಿಡುಗಡೆ ಅಂತ ಅದೇ ಪತ್ರದಲ್ಲಿ ಬರೆಸಿ. ಲೋಕ ಅದಾಲತ್‌ನಲ್ಲಿ ಬಡ್ಡಿ ಬಿಟ್ಟು ತೀರಿಸಿದ ಎಷ್ಟೋ ಪ್ರಕರಣ ನಾನೇ ನಡೆಸಿದ್ದೇನೆ.

ಇಷ್ಟು ಹೇಳಿ ನಾನು ಕೂತೆ. ಪ್ರಶ್ನೆಗಳು ಬಂದವು. ಹೆಚ್ಚಿನವಕ್ಕೆ ಉತ್ತರ ಮೇಲಿನ ಮಾತುಗಳಲ್ಲೇ ಸೇರಿವೆ. ಒಂದನ್ನು ಮಾತ್ರ ಬೇರೆಯಾಗಿ ಬರೆಯುತ್ತೇನೆ.

ಹಿಂದಿನ ಸಾಲಿನಲ್ಲಿ ಕೂತಿದ್ದ ಒಬ್ಬ ತಾಯಿ ಎದ್ದು ನಿಂತರು. "ನಮ್ಮ ಯಜಮಾನರು ಯಾರಿಗೋ ಜಾಮೀನು ಹಾಕಿದ್ರು ಸಾರ್. ಅವರು ಹೋಗಿ ಎಂಟು ತಿಂಗಳಾಯ್ತು. ಈಗ ನನಗೆ ನೋಟಿಸ್ ಬಂದಿದೆ. ನನ್ನ ಪಿಂಚಣಿ ಹಿಡೀತಾರಾ?" ಅಂತ ಕೇಳಿದರು.

ಇಲ್ಲಮ್ಮ ಅಂದೆ. ಜಾಮೀನುದಾರ ತೀರಿಕೊಂಡರೆ ಹೊಣೆ ಅವರು ಬಿಟ್ಟುಹೋದ ಆಸ್ತಿಯ ಮೇಲೆ ಉಳಿಯುತ್ತದೆ. ವಾರಸುದಾರರ ಕೈಗೆ ಬಂದ ಆಸ್ತಿ ಎಷ್ಟೋ ಅಷ್ಟಕ್ಕೆ ಮಾತ್ರ. ನಿಮ್ಮ ಸ್ವಂತ ದುಡಿಮೆ, ನಿಮ್ಮ ತವರಿನ ಒಡವೆ ಅದಕ್ಕೆ ಸೇರುವುದಿಲ್ಲ. ಕುಟುಂಬ ಪಿಂಚಣಿ ಸತ್ತವರ ಆಸ್ತಿ ಅಲ್ಲ, ಅದು ಕಾನೂನು ನಿಮಗೇ ಕೊಟ್ಟದ್ದು. ಅದನ್ನು ಮುಟ್ಟುವಂತಿಲ್ಲ. ಆದರೆ ನೋಟಿಸ್‌ಗೆ ಉತ್ತರ ಕೊಡದೆ ಬಿಟ್ಟರೆ ನಿಮ್ಮ ಈ ಮಾತು ಯಾರ ಮುಂದೆಯೂ ಬರುವುದಿಲ್ಲ.

ಅವರು ನೋಟಿಸನ್ನು ಚೀಲದಲ್ಲೇ ತಂದಿದ್ದರು. ತಾರೀಖು ನೋಡಿದೆ. ಹಾಜರಾಗಲು ಇನ್ನೂ ಹನ್ನೊಂದು ದಿನ ಇತ್ತು. ಸಭೆ ಮುಗಿದ ಮೇಲೆ ಅದೇ ಸಭಾಂಗಣದ ಮೂಲೆಯ ಮೇಜಿನ ಮೇಲೆ ಕೂತು, ಅವರ ಮಗಳ ನೋಟ್‌ಬುಕ್ಕಿನ ಹಾಳೆಯಲ್ಲಿ, ಕನ್ನಡದಲ್ಲಿ, ಉತ್ತರ ಬರೆಯಲು ಶುರು ಮಾಡಿದೆವು.